ಅವರೆಕಾಳಿಗೇಕೆ ಶಿಕ್ಷೆ?

ಕಾಯಿಲೆಗೊಂದು ಹೆಸರು ಸಿಕ್ಕಿತೆಂದರೆ ನಮ್ಮ ಮನೆಗಳಲ್ಲಿ ಮದ್ದಿಗಿಂತ ಮೊದಲು ಪಥ್ಯದ ಮಾತು ಏಳುತ್ತದೆ. ಬದನೆಕಾಯಿ ನಂಜು, ಕಡಲೆ ವಾಯು, ಮೊಸರು ಶೀತ ಎಂದು ತಲೆಮಾರುಗಳಿಂದ ಲೆಕ್ಕ ಇಟ್ಟುಕೊಂಡು ಬಂದ ನಾಡಿಗೆ ಈಗ ಹೊಸದೊಂದು ಹೆಸರು ಬಂದಿದೆ: ಜಿ6ಪಿಡಿ ಕೊರತೆ. ಕೆಂಪು ರಕ್ತಕಣದೊಳಗಿನ ಒಂದು ಕಿಣ್ವ ಹುಟ್ಟಿನಿಂದಲೇ ಕಡಿಮೆ ಇರುವ, ವಂಶದಲ್ಲಿ ಇಳಿದು ಬರುವ ಸ್ಥಿತಿ ಇದು. ದೊಡ್ಡ ಊರಿನ ಹೆರಿಗೆ ಆಸ್ಪತ್ರೆಗಳಲ್ಲಿ ಕೂಸಿನ ಹಿಮ್ಮಡಿ ಚುಚ್ಚಿ ಮಾಡುವ ರಕ್ತಪರೀಕ್ಷೆಗಳ ಸಾಲಿನಲ್ಲಿ ಇದೂ ಒಂದು. ಬಾಣಂತನಕ್ಕೆಂದು ಹೊಸಪೇಟೆಗೋ ಕಂಪ್ಲಿಗೋ ಬಂದ ಮೇಲೆ ಆ ವರದಿಯ ಒಂದು ಸಾಲನ್ನು ಮೊಬೈಲಿನಲ್ಲಿ ಹುಡುಕಿದವರಿಗೆ ಸಿಗುವುದು ಮೊಳದುದ್ದದ ನಿಷೇಧಪಟ್ಟಿ. ಅವರೆ, ಬಟಾಣಿ, ಸೋಯಾ, ಸಕಲ ಬೇಳೆಕಾಳು, ನೀಲಿ ಬಣ್ಣದ ಮಿಠಾಯಿ, ಪುದೀನ, ಜ್ವರದ ಗುಳಿಗೆ, ತಲೆನೋವಿನ ಗುಳಿಗೆ, ನೂರಾರು ಔಷಧಿಗಳ ಬಾಯಿಗೆ ಬಾರದ ಹೆಸರುಗಳು. ಪಟ್ಟಿ ಉದ್ದವಾದಷ್ಟೂ ಕ್ಷೇಮ ಹೆಚ್ಚು ಎಂದು ತಾಯ್ತಂದೆ ನಂಬುತ್ತಾರೆ, ನಂಬುವುದು ಸಹಜ. ಈ ಲೇಖನದ ವಾದ ಅದಕ್ಕೆ ತಿರುಗುಮುರುಗು. ಈ ಕೊರತೆ ಇದ್ದವರ ಜೀವ ಕಾಯುವುದು ಚಿಕ್ಕ ಪಟ್ಟಿ. ಅದರಲ್ಲಿರುವ ಹೆಸರುಗಳು ಬಹುಪಾಲು ಅಡುಗೆಮನೆಯವಲ್ಲ, ಮೆಡಿಕಲ್ ಅಂಗಡಿಯ ಕಪಾಟಿನವು.

ಯಾಕೆಂದು ತಿಳಿಯಲು ರಕ್ತಕಣದ ಕೆಲಸವನ್ನು ಸ್ವಲ್ಪ ನೋಡಬೇಕು. ಸಂಡೂರಿನ ಗುಡ್ಡದಿಂದ ಅದಿರು ಹೊತ್ತು ಇಳಿಯುವ ಲಾರಿಯಂತೆ ಕೆಂಪು ರಕ್ತಕಣ ಆಮ್ಲಜನಕ ಹೊತ್ತು ಸುಮಾರು 120 ದಿನ ಓಡಾಡುತ್ತದೆ. ಹೆಚ್ಚು ಸರಕು ಹಿಡಿಯಲೆಂದು ತನ್ನ ಕೋಶಕೇಂದ್ರವನ್ನೇ ಅದು ಮೊದಲೇ ಹೊರಗೆ ಹಾಕಿರುತ್ತದೆ. ಹಾಗಾಗಿ ಹೊಸ ಕಿಣ್ವ ತಯಾರಿಸುವ ಶಕ್ತಿ ಅದಕ್ಕಿಲ್ಲ, ಹೊರಡುವಾಗ ತಂದ ಬುತ್ತಿಯಲ್ಲೇ ಕೊನೆಯವರೆಗೂ ಸಾಗಬೇಕು. ಹೊತ್ತ ಸರಕೋ ಕಬ್ಬಿಣವನ್ನು ತುಕ್ಕು ಹಿಡಿಸುವ ಆಮ್ಲಜನಕ. ಆ ತುಕ್ಕಿನಿಂದ ಕಣವನ್ನು ಕಾಯುವುದು ಗ್ಲುಟಾಥಯೋನ್ ಎಂಬ ವಸ್ತು. ಬಳಸಿ ಸೋತ ಗ್ಲುಟಾಥಯೋನನ್ನು ಮತ್ತೆ ಕೆಲಸಕ್ಕೆ ಹಚ್ಚಲು ಬೇಕಾದ ಎನ್‌ಎಡಿಪಿಎಚ್ ಕೆಂಪುಕಣದಲ್ಲಿ ಹುಟ್ಟುವುದು ಒಂದೇ ದಾರಿಯಲ್ಲಿ. ಆ ದಾರಿಯ ಬಾಗಿಲಲ್ಲಿ ನಿಂತ ಕಿಣ್ವವೇ ಗ್ಲೂಕೋಸ್-6-ಫಾಸ್ಫೇಟ್ ಡಿಹೈಡ್ರಾಜಿನೇಸ್, ಚಿಕ್ಕದಾಗಿ ಜಿ6ಪಿಡಿ. ಇದು ಕಡಿಮೆ ಇರುವ ರಕ್ತಕಣವನ್ನು ಸ್ಟೆಪ್ನಿ ಇಲ್ಲದ ಲಾರಿ ಎನ್ನಬಹುದು. ಸಮತಟ್ಟು ರಸ್ತೆಯಲ್ಲಿ ಅದು ಉಳಿದೆಲ್ಲ ಲಾರಿಗಳಂತೆಯೇ ಓಡುತ್ತದೆ, ಮೊಳೆ ಚೆಲ್ಲಿದ ಜಾಗದಲ್ಲಿ ಮಾತ್ರ ನಿಂತುಬಿಡುತ್ತದೆ. ಜಗತ್ತಿನಲ್ಲಿ ಈ ಕೊರತೆ ಇರುವವರು 40 ಕೋಟಿಗೂ ಹೆಚ್ಚು. ಅವರಲ್ಲಿ ಬಹುತೇಕರು ಇದು ತಮಗಿದೆ ಎಂಬುದೇ ತಿಳಿಯದೆ ಉಂಡು ದುಡಿದು ಮುದುಕರಾಗುತ್ತಾರೆ. ಆದ್ದರಿಂದ ಮುಖ್ಯ ಪ್ರಶ್ನೆ ಒಂದೇ: ಮೊಳೆ ಇರುವುದು ಎಲ್ಲೆಲ್ಲಿ?

ಮೊದಲ ಮೊಳೆ ಸಿಕ್ಕಿದ್ದು ಅಮೆರಿಕದ ಒಂದು ಸೆರೆಮನೆಯಲ್ಲಿ. ಮಲೇರಿಯಾಕ್ಕೆ ಮದ್ದು ಹುಡುಕುತ್ತಿದ್ದ ಸಂಶೋಧಕರು ಇಲಿನಾಯ್ ರಾಜ್ಯದ ಸ್ಟೇಟ್‌ವಿಲ್ ಸೆರೆಮನೆಯ ಕೈದಿಗಳಿಗೆ ಪ್ರೈಮಾಕ್ವಿನ್ ಕೊಟ್ಟು ನೋಡುತ್ತಿದ್ದರು. (ಬಂಧನದಲ್ಲಿರುವವನ ಒಪ್ಪಿಗೆಗೆ ಒಪ್ಪಿಗೆಯೆಂಬ ಹೆಸರು ಸಲ್ಲುತ್ತದೆಯೇ ಎಂಬ ಪ್ರಶ್ನೆಯನ್ನು ಇಂದಿನ ಓದುಗ ಕೇಳದೆ ಬಿಡಬಾರದು.) ಕೆಲವರಿಗೆ, ಅದರಲ್ಲೂ ಆಫ್ರಿಕಾ ಮೂಲದವರಿಗೆ, ಎರಡು ಮೂರು ದಿನದಲ್ಲಿ ಮೂತ್ರ ಕಪ್ಪಾಗಿ ರಕ್ತ ಇಳಿಯಿತು. ಅವರ ರಕ್ತಕಣದಲ್ಲಿ ಈ ಕಿಣ್ವ ಕಡಿಮೆ ಇದೆಯೆಂದು ಕಾರ್ಸನ್, ಆಲ್ವಿಂಗ್ ಮತ್ತು ಸಂಗಡಿಗರು 1956ರಲ್ಲಿ ‘ಸೈನ್ಸ್’ ಪತ್ರಿಕೆಯಲ್ಲಿ ತೋರಿಸಿದರು. ಇನ್ನೊಂದು ಸಂಗತಿಯೂ ಅಲ್ಲಿ ಕಂಡಿತು. ಗುಳಿಗೆ ಮುಂದುವರಿಸಿದರೂ ಸ್ವಲ್ಪ ದಿನಕ್ಕೆ ರಕ್ತ ಮತ್ತೆ ಏರಿತು. ಮುದಿ ಕಣಗಳೆಲ್ಲ ಒಡೆದುಹೋಗಿ, ಕಿಣ್ವದ ಬುತ್ತಿ ಇನ್ನೂ ತೀರದ ಎಳೆಯ ಕಣಗಳು ತುಂಬಿಕೊಂಡಿದ್ದವು. ಈ ಸಮಾಧಾನವನ್ನು ನಾವು ಹಾಗೆಯೇ ಇಲ್ಲಿಗೆ ತಂದುಕೊಳ್ಳುವಂತಿಲ್ಲ. ಕೊರತೆಯಲ್ಲಿ ನೂರಾರು ಬಗೆಗಳಿವೆ. ಭಾರತದಲ್ಲಿ ಹೆಚ್ಚು ಕಾಣುವ ಮೂರು ಬಗೆಗಳಿಗೆ ಮೆಡಿಟರೇನಿಯನ್, ಕೇರಳ-ಕಲ್ಯಾಣ್, ಒರಿಸ್ಸಾ ಎಂದು ಹೆಸರು. ಇವುಗಳಲ್ಲಿ ಮೆಡಿಟರೇನಿಯನ್ ಬಗೆ ತೀವ್ರವಾದದ್ದು. ಅದರಲ್ಲಿ ಎಳೆಯ ಕಣಗಳೂ ಬರಿಗೈಯವು, ಮದ್ದು ನಿಲ್ಲಿಸದಿದ್ದರೆ ಒಡೆಯುವುದೂ ನಿಲ್ಲದು.

ಎರಡನೆಯ ಮೊಳೆ ತಟ್ಟೆಯಲ್ಲಿದೆ, ಆದರೆ ನಮ್ಮ ತಟ್ಟೆಯಲ್ಲಲ್ಲ. ಮೆಡಿಟರೇನಿಯನ್ ಸಮುದ್ರದ ಸುತ್ತಲಿನ ನಾಡುಗಳಲ್ಲಿ ಚೈತ್ರದ ಹೊತ್ತಿಗೆ ಫಾವಾ ಎಂಬ ಹಸಿಕಾಳು ಬರುತ್ತದೆ. ಸಸ್ಯಶಾಸ್ತ್ರದಲ್ಲಿ ಇದರ ಹೆಸರು ವಿಸಿಯಾ ಫಾಬಾ. ಇದರಲ್ಲಿರುವ ವೈಸಿನ್, ಕಾನ್‌ವೈಸಿನ್ ಎಂಬ ವಸ್ತುಗಳು ಹೊಟ್ಟೆಯಲ್ಲಿ ಡೈವಿಸಿನ್, ಐಸೋಯುರಾಮಿಲ್ ಆಗಿ ಮಾರ್ಪಟ್ಟು ರಕ್ತಕಣದ ಗ್ಲುಟಾಥಯೋನನ್ನು ಬರಿದು ಮಾಡುತ್ತವೆ. ಕೊರತೆ ಇರುವ ಮಗು ಈ ಕಾಳು ತಿಂದ ಒಂದೆರಡು ದಿನದಲ್ಲಿ ಬಿಳಿಚಿಕೊಂಡು ಕೋಲಾ ಬಣ್ಣದ ಮೂತ್ರ ಮಾಡುವುದಕ್ಕೆ ಫಾವಿಸಂ ಎನ್ನುತ್ತಾರೆ. ಇಟಲಿಯ ಸಾರ್ಡಿನಿಯಾ ದ್ವೀಪದಲ್ಲಿ ಇದು ಮನೆಮಾತು. ಅಪಾಯ ನಿಜ, ಪ್ರಾಣಕ್ಕೂ ಬರಬಹುದು; ಹಾಲೂಡಿಸುವ ತಾಯಿ ತಿಂದದ್ದು ಕೂಸಿಗೆ ತಗುಲಿದ ದಾಖಲೆಗಳೂ ಇವೆ. ಎಡವಟ್ಟಾಗಿರುವುದು ಭಾಷಾಂತರದಲ್ಲಿ. ಫಾವಾಕ್ಕೆ ಇಂಗ್ಲಿಷಿನಲ್ಲಿ ಬ್ರಾಡ್ ಬೀನ್ಸ್ ಎಂಬ ಇನ್ನೊಂದು ಹೆಸರಿದೆ. ನಮ್ಮ ತರಕಾರಿ ಅಂಗಡಿಗಳ ಇಂಗ್ಲಿಷಿನಲ್ಲಿ ಅದೇ ಹೆಸರು ಚಪ್ಪರದವರೆಗೂ ಅವರೆಕಾಯಿಗೂ ಅಂಟಿಕೊಂಡಿದೆ. ಹಾಗಾಗಿ ಯಾವುದೋ ದೇಶದ ಎಚ್ಚರಿಕೆ ಕನ್ನಡಕ್ಕೆ ಬರುವಾಗ ‘ಅವರೆ ತಿನ್ನಬಾರದು’ ಎಂದಾಯಿತು. ಅವರೆ ಹೋದ ಮೇಲೆ ಅಲಸಂದೆ, ಮಡಿಕೆ, ಹುರುಳಿ, ತೊಗರಿ ಒಂದೊಂದಾಗಿ ಹಿಂದೆಯೇ ನಡೆದವು. ಅವರೆ ಬೇರೆಯೇ ಕುಲದ ಬಳ್ಳಿ, ಲ್ಯಾಬ್‌ಲ್ಯಾಬ್ ಪರ್ಪ್ಯೂರಿಯಸ್. ಫಾವಾದ ವಿಷ ಅದರಲ್ಲಿಲ್ಲ. ತೊಗರಿ, ಹೆಸರು, ಕಡಲೆ, ಶೇಂಗಾ ಯಾವುದರಲ್ಲೂ ಇಲ್ಲ. ಜೋಳದ ರೊಟ್ಟಿಯ ಜತೆಗೆ ಕಾಳಿನ ಪಲ್ಯ, ಬೇಳೆಯ ಸಾರು ಬಿಟ್ಟರೆ ಬೇರೆ ಪ್ರೋಟೀನು ಅಪರೂಪವಾದ ಮನೆಗಳಿರುವ ಸೀಮೆಯಲ್ಲಿ ಮಗುವಿನ ತಟ್ಟೆಯಿಂದ ಕಾಳು ಎತ್ತಿಬಿಡುವುದು ಎಚ್ಚರಿಕೆಯೆನಿಸದು, ಅದು ಅನ್ಯಾಯ.

ಹಾಗೆಂದು ಫಾವಾ ಇಲ್ಲಿಗೆ ಬರುವುದೇ ಇಲ್ಲ ಎಂದು ಕುಳಿತರೂ ತಪ್ಪಾಗುತ್ತದೆ. ಉತ್ತರ ಭಾರತದಲ್ಲಿ ಬಾಕ್ಲಾ ಎಂಬ ಹೆಸರಿನಲ್ಲಿ ಅದನ್ನು ಬೆಳೆಯುತ್ತಾರೆ. ಹುರಿದು ಉಪ್ಪುಖಾರ ಸವರಿದ ಕುರುಕಲಾಗಿ ಪೊಟ್ಟಣದಲ್ಲಿ ಬರುತ್ತದೆ. ಗಲ್ಫ್ ದೇಶಗಳಿಗೆ ದುಡಿಯಲು ಹೋದವರ ಮುಂದೆ ಬೆಳಗಿನ ಉಪಾಹಾರಕ್ಕೆ ಬರುವ ಫೂಲ್ ಎಂಬುದು ಬೇಯಿಸಿದ ಫಾವಾವೇ. ಹಂಪಿಯ ವಿಚಾರ ಇನ್ನೂ ಸ್ವಾರಸ್ಯದ್ದು. ವಿರೂಪಾಕ್ಷನ ಗುಡಿಯ ಆಸುಪಾಸಿನಲ್ಲಿ, ಹೊಳೆಯಾಚೆಯ ಸಣಾಪುರದಲ್ಲಿ ಇಸ್ರೇಲಿನ ಪ್ರವಾಸಿಗರ ದೆಸೆಯಿಂದ ಫಲಾಫೆಲ್, ಹಮ್ಮಸ್ ಎಂಬ ತಿನಿಸುಗಳು ಬೋಂಡಾ, ಬಜ್ಜಿಯಷ್ಟೇ ಪರಿಚಿತವಾಗಿವೆ. ಈಜಿಪ್ಟಿನಲ್ಲಿ ಫಲಾಫೆಲ್ ಮಾಡುವುದು ಫಾವಾದಿಂದ, ಇಸ್ರೇಲಿನಲ್ಲಿ ಕಾಬೂಲಿ ಕಡಲೆಯಿಂದ. ಕಡಲೆಯದಾದರೆ ಭಯವಿಲ್ಲ. ಜಗತ್ತಿನಲ್ಲೇ ಅತಿ ಹೆಚ್ಚು ಪ್ರಮಾಣದಲ್ಲಿ ಈ ಕೊರತೆ ಕಂಡುಬಂದ ಸಮುದಾಯ ಕುರ್ದಿಸ್ತಾನ ಮೂಲದ ಯಹೂದಿಗಳದು, ಅವರ ಗಂಡಸರಲ್ಲಿ ಅರ್ಧಕ್ಕಿಂತ ಹೆಚ್ಚು ಮಂದಿಗೆ ಇದಿದೆ. ಹಂಪಿಯ ಬಂಡೆ ಹತ್ತಿ ಸೂರ್ಯಾಸ್ತ ನೋಡುವವರ ನಡುವೆ ಈ ವಿಷಯ ನಮಗಿಂತ ಚೆನ್ನಾಗಿ ಬಲ್ಲವರು ಇರಬಹುದು. ಆಹಾರದ ಮಾತು ಬಹುಮಟ್ಟಿಗೆ ಇಲ್ಲಿಗೆ ಮುಗಿಯಿತು: ಫಾವಾ ಬೇಡ. ಹಾಗಲದ ಬೀಜದಲ್ಲಿ ವೈಸಿನ್ ಇದೆಯೆಂದು ಪ್ರಯೋಗಾಲಯಗಳು ಹೇಳಿರುವುದರಿಂದ, ಸಕ್ಕರೆ ಕಾಯಿಲೆಗೆಂದು ಮಾರುವ ಹಾಗಲದ ಸತ್ವ, ಪುಡಿಗಳಿಂದ ದೂರವಿರುವುದು ಜಾಣತನ; ಊಟದ ಹಾಗಲಕಾಯಿ ಗೊಜ್ಜನ್ನು ಅದೇ ತಕ್ಕಡಿಯಲ್ಲಿ ತೂಗಬೇಕಿಲ್ಲ.

ಔಷಧಿಯ ವಿಚಾರ ಇಷ್ಟು ಸಲೀಸಲ್ಲ. 2010ರಲ್ಲಿ ‘ಡ್ರಗ್ ಸೇಫ್ಟಿ’ ಪತ್ರಿಕೆಯಲ್ಲಿ ಪ್ರಕಟವಾದ ಸಮೀಕ್ಷೆಯೊಂದು, ನಿಷೇಧಪಟ್ಟಿಗಳಲ್ಲಿ ಓಡಾಡುತ್ತಿದ್ದ ಹೆಸರುಗಳನ್ನೆಲ್ಲ ಹಿಡಿದು, ಯಾವುದಕ್ಕೆ ಗಟ್ಟಿ ಪುರಾವೆ ಇದೆ ಎಂದು ಜರಡಿ ಹಿಡಿಯಿತು. ಉಳಿದದ್ದು ಏಳೇ ಹೆಸರು: ಪ್ರೈಮಾಕ್ವಿನ್, ಡ್ಯಾಪ್ಸೋನ್, ನೈಟ್ರೋಫ್ಯುರಾಂಟೋಯಿನ್, ಫೆನಜೋಪಿರಿಡಿನ್, ಮಿಥಿಲೀನ್ ಬ್ಲೂ, ಟೊಲುಯಿಡಿನ್ ಬ್ಲೂ, ರಾಸ್ಬುರಿಕೇಸ್. ಆಮೇಲೆ ಬಂದ ಟಾಫೆನೋಕ್ವಿನ್, ಪೆಗ್ಲೋಟಿಕೇಸ್ ಸೇರಿದರೂ ಎರಡು ಕೈಬೆರಳು ಸಾಕು. ಇವುಗಳಲ್ಲಿ ಕೊನೆಯವು ದೊಡ್ಡಾಸ್ಪತ್ರೆಯ ವಸ್ತುಗಳು, ಮೊದಲ ನಾಲ್ಕು ಊರೂರಲ್ಲಿ ಸಿಗುವಂಥವು. ಪ್ರೈಮಾಕ್ವಿನ್ ಮಲೇರಿಯಾಕ್ಕೆ. ಡ್ಯಾಪ್ಸೋನ್ ಕುಷ್ಠದ ಬಹುಔಷಧಿ ಪಟ್ಟಿಯೊಳಗೆ ದಿನದ ಗುಳಿಗೆಯಾಗಿ ಕೂತಿರುತ್ತದೆ, ಚರ್ಮರೋಗದ ಡಾಕ್ಟರು ಬೇರೆ ಕಾರಣಕ್ಕೂ ಬರೆಯುತ್ತಾರೆ. ನೈಟ್ರೋಫ್ಯುರಾಂಟೋಯಿನ್ ಉರಿಮೂತ್ರಕ್ಕೆ ಹೆಂಗಸರಿಗೆ ಹೆಚ್ಚಾಗಿ ಕೊಡುವ ಮದ್ದು. ಫೆನಜೋಪಿರಿಡಿನ್ ಅದೇ ಉರಿಯನ್ನು ತಣಿಸುವ ಗುಳಿಗೆ, ಮತ್ತು ನನ್ನ ಲೆಕ್ಕದಲ್ಲಿ ಅತ್ಯಂತ ಮೋಸದ್ದು. ಅದು ತಾನೇ ಮೂತ್ರಕ್ಕೆ ಕಿತ್ತಳೆಗೆಂಪು ಬಣ್ಣ ಕಟ್ಟುತ್ತದೆ. ‘ಬಣ್ಣ ಬರುತ್ತೆ, ಗಾಬರಿ ಆಗಬೇಡಿ’ ಎಂದು ಹೇಳಿಯೇ ಕೊಡುತ್ತಾರೆ. ರಕ್ತ ಒಡೆಯುವುದರ ಮುಖ್ಯ ಸೂಚನೆಯೂ ಮೂತ್ರದ ಬಣ್ಣವೇ ಆದ್ದರಿಂದ, ಕಳ್ಳ ಪೊಲೀಸರ ಬಟ್ಟೆ ಹಾಕಿಕೊಂಡು ಬಂದಂತಾಗುತ್ತದೆ. ಇನ್ನು ಮಿಥಿಲೀನ್ ಬ್ಲೂ, ರಕ್ತ ಆಮ್ಲಜನಕ ಬಿಡದಂತೆ ಮಾಡುವ ಕೆಲವು ವಿಷಗಳಿಗೆ ಪ್ರತಿವಿಷ. ಪೈರು ಹೂ ಕಟ್ಟಲೆಂದು ಸಿಂಪಡಿಸುವ ನೈಟ್ರೋಬೆಂಜೀನ್ ಅಂಥದ್ದೊಂದು ವಿಷ. ಕಂಪ್ಲಿ, ಗಂಗಾವತಿ ಕಡೆಯ ಬೇಸಾಯಗಾರರ ಮನೆಯಲ್ಲಿ ಈ ಕೊರತೆ ಇದ್ದರೆ ತುರ್ತು ಚಿಕಿತ್ಸೆಯ ವೈದ್ಯರಿಗೆ ಮೊದಲೇ ಹೇಳಬೇಕಾದ ಮಾತು ಇದು.

ಹಾಗಾದರೆ ಉಳಿದ ನೂರು ಹೆಸರುಗಳು ಪಟ್ಟಿ ಸೇರಿದ್ದು ಹೇಗೆ? ಕಾರಣ ಸರಳ. ಈ ಕೊರತೆ ಇರುವವರ ರಕ್ತ ಒಡೆಯಲು ಬಹಳ ಸಲ ಕಾರಣವಾಗುವುದು ಸೋಂಕು: ಟೈಫಾಯ್ಡ್, ನ್ಯುಮೋನಿಯಾ, ಕಾಮಾಲೆಯ ವೈರಾಣು. ಸೋಂಕಿನ ಮೊದಲ ಗುರುತು ಜ್ವರ. ಜ್ವರ ಬಂದವರು ಪ್ಯಾರಸಿಟಮಾಲ್ ನುಂಗುತ್ತಾರೆ, ಮರುದಿನ ಆಂಟಿಬಯೋಟಿಕ್ ಶುರುವಾಗುತ್ತದೆ, ಮೂರನೆಯ ದಿನ ಮೂತ್ರ ಕಪ್ಪಾಗುತ್ತದೆ. ಕಳ್ಳತನವಾದ ಬೀದಿಯಲ್ಲಿ ಕಂಡವರನ್ನೆಲ್ಲ ಹಿಡಿದು ಕೂರಿಸಿದಂತೆ ಆ ಎರಡು ಮೂರು ದಿನದಲ್ಲಿ ನುಂಗಿದ ಔಷಧಿಗಳೆಲ್ಲ ಆರೋಪಿಗಳಾದವು. ಹಳೆಯ ಪಟ್ಟಿಯನ್ನು ನೋಡಿ ಹೊಸ ಪಟ್ಟಿ ಬರೆದವರು ಹೆಸರು ಸೇರಿಸಿದರೇ ಹೊರತು ತೆಗೆಯಲಿಲ್ಲ. ಔಷಧಿ ಮತ್ತು ವಂಶವಾಹಿಗಳ ನಂಟನ್ನು ಪರಿಶೀಲಿಸುವ ಸಿಪಿಐಸಿ ಎಂಬ ಅಂತರರಾಷ್ಟ್ರೀಯ ತಜ್ಞಬಳಗ ಇತ್ತೀಚೆಗೆ ಈ ಆರೋಪಿಗಳನ್ನೆಲ್ಲ ಮತ್ತೆ ವಿಚಾರಣೆಗೆ ಒಳಪಡಿಸಿತು. ವಾಡಿಕೆಯ ಪ್ರಮಾಣದ ಪ್ಯಾರಸಿಟಮಾಲ್, ಆಸ್ಪಿರಿನ್, ಕ್ಲೋರೋಕ್ವಿನ್, ಸಿಪ್ರೋಫ್ಲಾಕ್ಸಾಸಿನ್, ಸಲ್ಫಾದ ಕೋಟ್ರೈಮಾಕ್ಸಜೋಲ್ ಇವೆಲ್ಲ ಅಪಾಯ ಕಡಿಮೆ ಅಥವಾ ಇಲ್ಲ ಎಂಬ ಗುಂಪಿಗೆ ಬಂದವು. ‘ವಾಡಿಕೆಯ ಪ್ರಮಾಣ’ ಎಂಬುದನ್ನು ಒತ್ತಿ ಓದಬೇಕು. ನಿತ್ಯದ ನಿಂಬೆಹಣ್ಣಿನಲ್ಲೋ ಮಾತ್ರೆಯಲ್ಲೋ ಇರುವ ವಿಟಮಿನ್ ಸಿ ನಿರುಪದ್ರವಿ; ಅದನ್ನೇ ಹತ್ತಾರು ಗ್ರಾಂ ನರಕ್ಕೆ ಏರಿಸಿದಾಗ ರಕ್ತ ಒಡೆದ ಉದಾಹರಣೆಗಳಿವೆ.

ಇಲ್ಲಿ ಒಂದು ಆಕ್ಷೇಪ ಏಳುತ್ತದೆ, ಮತ್ತು ಅದು ಹಗುರವಾದದ್ದಲ್ಲ. ಪುರಾವೆ ಅರೆಬರೆ ಇದ್ದರೂ ಬಿಟ್ಟುಬಿಟ್ಟರೆ ಹೋಗುವ ಗಂಟೇನು? ಹೋಗುವ ಗಂಟು ಇದೆ. ಜ್ವರದ ಗುಳಿಗೆಯೇ ವಿಷ ಎಂದು ನಂಬಿದ ಮನೆಯವರು ಸುಡುವ ಮಗುವಿಗೆ ಅದನ್ನು ಕೊಡದೆ ಹೆಸರಿಲ್ಲದ ನಾರುಬೇರಿನ ಕಷಾಯ ಕುಡಿಸುತ್ತಾರೆ. ಆ ಕಷಾಯದಲ್ಲಿ ಏನಿದೆಯೆಂದು ಯಾವ ಪಟ್ಟಿಯೂ ಹೇಳದು. ಸೋಂಕೇ ರಕ್ತ ಒಡೆಸುವ ದೊಡ್ಡ ಕಾರಣವಾಗಿರುವಾಗ, ಸೋಂಕು ಕೊಲ್ಲುವ ಆಂಟಿಬಯೋಟಿಕ್ಕಿಗೆ ಹೆದರಿ ತಡಮಾಡುವುದೆಂದರೆ ಬೆಂಕಿಯ ಭಯಕ್ಕೆ ನೀರನ್ನೇ ದೂರ ಇಟ್ಟಂತೆ. ಶಾಲೆಯಲ್ಲಿ ಕೊಡುವ ಕಬ್ಬಿಣದ ಗುಳಿಗೆಯನ್ನೂ ಅನುಮಾನದಿಂದ ಬಿಸಾಡಿದರೆ, ಕಬ್ಬಿಣದ ಅದಿರಿನ ಮೇಲೆ ಕೂತ ಸೀಮೆಯ ಮಕ್ಕಳೇ ಕಬ್ಬಿಣವಿಲ್ಲದೆ ಬಿಳಿಚಿಕೊಳ್ಳುತ್ತಾರೆ. ಇನ್ನೊಂದು ನಷ್ಟ ಕಣ್ಣಿಗೆ ಕಾಣದಂಥದ್ದು. ಇನ್ನೂರು ಹೆಸರಿನ ಪಟ್ಟಿಯನ್ನು ಯಾರೂ ನೆನಪಿಡಲಾರರು. ಮೊದಲ ವರ್ಷ ಕಟ್ಟುನಿಟ್ಟು, ಎರಡನೆಯ ವರ್ಷ ಪ್ಯಾರಸಿಟಮಾಲ್ ಕೊಟ್ಟರೂ ಏನೂ ಆಗಲಿಲ್ಲವೆಂಬ ಅನುಭವ, ಮೂರನೆಯ ವರ್ಷ ಇಡೀ ಪಟ್ಟಿಯೇ ಸುಳ್ಳು ಎಂಬ ತೀರ್ಮಾನ. ಆ ಸುಳ್ಳಿನ ರಾಶಿಯ ಜತೆಗೆ ಡ್ಯಾಪ್ಸೋನ್, ಪ್ರೈಮಾಕ್ವಿನ್ ಎಂಬ ನಿಜವೂ ಕಸಕ್ಕೆ ಹೋಗುತ್ತದೆ.

ಪ್ರೈಮಾಕ್ವಿನ್ ಮೇಲೆ ಇನ್ನಷ್ಟು ಹೊತ್ತು ನಿಲ್ಲಬೇಕು, ಯಾಕೆಂದರೆ ಈ ಸೀಮೆಗೆ ಅದು ದೂರದ ಮಾತಲ್ಲ. ತುಂಗಭದ್ರಾ ಜಲಾಶಯಕ್ಕೂ ಮೊದಲೇ, ವಿಜಯನಗರದ ಅರಸರ ಕಾಲದ ರಾಯ ಕಾಲುವೆ, ಬಸವಣ್ಣ ಕಾಲುವೆ, ತುರ್ತು ಕಾಲುವೆಗಳಿಂದ ನೀರುಂಡ ನೆಲವಿದು. ಭತ್ತದ ಗದ್ದೆ, ಬಾಳೆತೋಟ, ಮಳೆ ನಿಂತ ಗಣಿಹೊಂಡ ಎಲ್ಲವೂ ಸೊಳ್ಳೆಗೆ ತವರು. ಮಲೇರಿಯಾ ಈಗ ಬಹಳ ಇಳಿದಿದೆ, 2030ಕ್ಕೆ ದೇಶದಿಂದಲೇ ಅಳಿಸುವ ಗುರಿ ಇದೆ. ವೈವಾಕ್ಸ್ ಬಗೆಯ ಮಲೇರಿಯಾದ ಪರಾವಲಂಬಿ ಮಾತ್ರ ಯಕೃತ್ತಿನಲ್ಲಿ ನಿದ್ದೆ ಹೋಗಿ ತಿಂಗಳ ಮೇಲೆ ಎದ್ದು ಬರುತ್ತದೆ. ಆ ನಿದ್ದೆಯಲ್ಲಿರುವುದನ್ನು ಕೊಲ್ಲಲು ದೇಹತೂಕದ ಪ್ರತಿ ಕಿಲೋಗೆ 0.25 ಮಿಲಿಗ್ರಾಂನಂತೆ 14 ದಿನ ಪ್ರೈಮಾಕ್ವಿನ್ ಕೊಡುವುದು ರಾಷ್ಟ್ರೀಯ ಕ್ರಮ. ತೋರಣಗಲ್ಲಿನ ಉಕ್ಕಿನ ಕಾರ್ಖಾನೆಗೂ ಸಂಡೂರಿನ ಗಣಿಗಳಿಗೂ ಒಡಿಶಾ, ಜಾರ್ಖಂಡ್, ಬಿಹಾರದಿಂದ ದುಡಿಯಲು ಬರುವವರಿದ್ದಾರೆ. ಒಡಿಶಾ, ಜಾರ್ಖಂಡ್‌ಗಳಂಥ ಮಲೇರಿಯಾದ ನಾಡುಗಳಲ್ಲೇ ಈ ಕೊರತೆಯೂ ಹೆಚ್ಚು. ಭಾರತದ ಬುಡಕಟ್ಟುಗಳಲ್ಲಿ ಹೆಚ್ಚಾಗಿರುವ ಬಗೆಗೆ 1995ರಲ್ಲಿ ವಿಜ್ಞಾನಿಗಳು ಒರಿಸ್ಸಾದ ಹೆಸರನ್ನೇ ಇಟ್ಟರು. ಇದು ಕಾಕತಾಳೀಯವಲ್ಲ. ಕಿಣ್ವ ಕಡಿಮೆ ಇರುವ ಕಣದಲ್ಲಿ ಮಲೇರಿಯಾ ಪರಾವಲಂಬಿ ಸುಖವಾಗಿ ಬೆಳೆಯಲಾರದು; ಹಾಗಾಗಿ ಮಲೇರಿಯಾ ಇದ್ದ ಊರುಗಳಲ್ಲಿ ಕೊರತೆ ಇದ್ದವರೇ ಉಳಿದು ಬೆಳೆದರು. ರಕ್ತದ ದೋಷವೊಂದು ಮಲೇರಿಯಾದಿಂದ ಕಾಯುವ ಕವಚವೂ ಆಗಬಹುದು ಎಂದು 1949ರಲ್ಲಿ, ಥಲಸ್ಸೀಮಿಯಾವನ್ನು ಕುರಿತು, ಮೊದಲು ಊಹಿಸಿದವರು ಜೆ.ಬಿ.ಎಸ್. ಹಾಲ್ಡೇನ್. ಭಾರತದ ಪ್ರಜೆಯಾಗಿ 1964ರಲ್ಲಿ ಅವರು ತೀರಿಕೊಂಡದ್ದು ಅದೇ ಒಡಿಶಾದ ಭುವನೇಶ್ವರದಲ್ಲಿ.

ಹಾಗಿದ್ದರೆ ಪ್ರೈಮಾಕ್ವಿನ್ ಕೊಡುವುದನ್ನೇ ನಿಲ್ಲಿಸಬಾರದೇಕೆ ಎಂದು ಕೇಳಬಹುದು. ನಿಲ್ಲಿಸಿದರೆ ಮಲೇರಿಯಾ ಮತ್ತೆ ಮತ್ತೆ ಮರುಕಳಿಸಿ, ಆ ಜ್ವರವೇ ರಕ್ತ ಹೀರುತ್ತದೆ. ಕಣ್ಣುಮುಚ್ಚಿ ಎಲ್ಲರಿಗೂ ಕೊಡುವುದು ಒಂದು ತುದಿ, ಯಾರಿಗೂ ಕೊಡದಿರುವುದು ಇನ್ನೊಂದು ತುದಿ. ನಡುವಿನ ದಾರಿಗೆ ಪರೀಕ್ಷೆ ಎಂದು ಹೆಸರು. ಕೊರತೆ ಇದೆಯೆಂದು ಗೊತ್ತಾದವರಿಗೂ ಬಾಗಿಲು ಮುಚ್ಚುವುದಿಲ್ಲ: ವೈದ್ಯರ ಕಣ್ಗಾವಲಿನಲ್ಲಿ ಪ್ರತಿ ಕಿಲೋಗೆ 0.75 ಮಿಲಿಗ್ರಾಂ ಗುಳಿಗೆಯನ್ನು ವಾರಕ್ಕೊಮ್ಮೆ, ಎಂಟು ವಾರ ಕೊಡುವ ಕ್ರಮವನ್ನು ವಿಶ್ವ ಆರೋಗ್ಯ ಸಂಸ್ಥೆ ಹೇಳಿದೆ. ಫಾಲ್ಸಿಪಾರಂ ಮಲೇರಿಯಾ ಹರಡದಂತೆ ಒಂದೇ ಸಲ ಕೊಡುವ, ಪ್ರತಿ ಕಿಲೋಗೆ 0.25 ಮಿಲಿಗ್ರಾಂನ ಸಣ್ಣ ಪ್ರಮಾಣಕ್ಕೆ ಪರೀಕ್ಷೆಯೂ ಬೇಡ ಎಂದು ಅದೇ ಸಂಸ್ಥೆ 2012ರಲ್ಲಿ ಹೇಳಿತು. ಒಂದೇ ಮದ್ದು ಪ್ರಮಾಣ ಬದಲಾದಂತೆ ಅಪಾಯವೂ ಬದಲಾಗುತ್ತದೆ. ‘ತಗೊಳ್ಳಬಹುದೋ ಬಾರದೋ’ ಎಂಬ ಪಥ್ಯದ ಭಾಷೆಗೆ ಇದು ಒಗ್ಗದು. ಅದಕ್ಕೇ ಈ ವಿಚಾರವನ್ನು ಮೊಬೈಲಿನ ಪಟ್ಟಿಗೆ ಬಿಡದೆ ವೈದ್ಯರ ಚೀಟಿಗೆ ಬಿಡಬೇಕು.

ಪರೀಕ್ಷೆಯಲ್ಲೂ ಎರಡು ಗುಂಡಿಗಳಿವೆ. ಒಂದು ಸಮಯದ್ದು. ರಕ್ತ ಒಡೆದ ಹೊಸತರಲ್ಲಿ ಮುದಿ ಕಣಗಳು ಹೋಗಿ ಎಳೆಯ ಕಣಗಳೇ ತುಂಬಿರುವುದರಿಂದ ಕಿಣ್ವ ಸರಿಯಾಗಿರುವಂತೆ ವರದಿ ಬರಬಹುದು. ರಕ್ತ ಹಾಕಿಸಿಕೊಂಡಿದ್ದರೂ ಹಾಗೆಯೇ. ಸುಮಾರು ಮೂರು ತಿಂಗಳ ಮೇಲೆ ಮತ್ತೆ ನೋಡಬೇಕು. ಇನ್ನೊಂದು ಗುಂಡಿ ಹೆಂಗಸರದು. ಈ ವಂಶವಾಹಿ ಇರುವುದು ಎಕ್ಸ್ ವರ್ಣತಂತುವಿನಲ್ಲಿ. ಗಂಡಿಗೆ ಒಂದೇ ಎಕ್ಸ್, ಕೆಟ್ಟರೆ ಕೆಟ್ಟಿತು. ಹೆಣ್ಣಿಗೆ ಎರಡು, ಆದ್ದರಿಂದ ಅವಳು ಬರೀ ವಾಹಕಿ, ಅವಳಿಗೆ ಏನೂ ಆಗದು ಎಂಬ ಮಾತು ವೈದ್ಯಕೀಯ ಪುಸ್ತಕಗಳಿಂದ ಹಿಡಿದು ಮನೆಯ ಜಗಲಿವರೆಗೂ ಓಡಾಡುತ್ತದೆ. ಅದು ಅರ್ಧ ಸತ್ಯ. ಹೆಣ್ಣಿನ ಪ್ರತಿ ಜೀವಕೋಶದಲ್ಲೂ ಎರಡರಲ್ಲಿ ಒಂದು ಎಕ್ಸ್ ಮಲಗಿರುತ್ತದೆ. ಯಾವುದು ಮಲಗುತ್ತದೆ ಎಂಬುದು ಚೀಟಿ ಎತ್ತಿದಂತೆ. ಒಳ್ಳೆಯದೇ ಹೆಚ್ಚು ಮಲಗಿದ್ದರೆ ಅವಳ ರಕ್ತದ ಬಹುಪಾಲು ಕಣಗಳು ಕೊರತೆಯವೇ. ಇದೆ, ಇಲ್ಲ ಎಂದಷ್ಟೇ ಹೇಳುವ ಅಗ್ಗದ ಪರೀಕ್ಷೆ ಇಂಥ ನಡುವಿನವರನ್ನು ‘ಇಲ್ಲ’ದ ಸಾಲಿಗೆ ಸೇರಿಸಿಬಿಡುತ್ತದೆ, ಅಳತೆ ಹೇಳುವ ಪರೀಕ್ಷೆ ಬೇಕು.

ಸಂಬಂಧದಲ್ಲೇ ಹೆಣ್ಣು ಕೊಟ್ಟು ತರುವ ನಮ್ಮ ಪದ್ಧತಿ ಇದಕ್ಕೆ ಇನ್ನೊಂದು ಗಂಟು ಹಾಕುತ್ತದೆ. ಅಜ್ಜಿ ವಾಹಕಿಯೆಂದು ಇಟ್ಟುಕೊಳ್ಳೋಣ. ಅವಳ ಮಗನಿಗೆ ಕೊರತೆ ಇರುವ ಸಾಧ್ಯತೆ ಎರಡರಲ್ಲಿ ಒಂದು. ಅವಳ ಮಗಳು ವಾಹಕಿಯಾಗುವ ಸಾಧ್ಯತೆಯೂ ಅಷ್ಟೇ, ಮೊಮ್ಮಗಳಿಗೆ ನಾಲ್ಕರಲ್ಲಿ ಒಂದು. ಆ ಮಗನಿಗೇ, ಅಂದರೆ ಸೋದರಮಾವನಿಗೇ, ಆ ಮೊಮ್ಮಗಳನ್ನು ಕೊಟ್ಟರೆ? ಅವನಲ್ಲಿ ಕೊರತೆಯೂ ಅವಳಲ್ಲಿ ವಾಹಕತ್ವವೂ ಇದ್ದ ಪಕ್ಷದಲ್ಲಿ ಹುಟ್ಟುವ ಹೆಣ್ಣುಮಕ್ಕಳಲ್ಲಿ ಅರ್ಧದಷ್ಟು ಮಂದಿಗೆ ಎರಡೂ ಎಕ್ಸ್ ಕೊರತೆಯವೇ ಬರುತ್ತವೆ, ಗಂಡಿನಷ್ಟೇ ಪೂರ್ತಿ ಕೊರತೆ. ಸೋದರಮಾವನ ಮಗಳನ್ನು ತಂದುಕೊಂಡಾಗಲೂ ಹೀಗಾಗಬಹುದು: ಕೊರತೆ ಇರುವ ಮಾವನ ಮಗಳು ವಾಹಕಿಯಾಗಿಯೇ ಹುಟ್ಟಿರುತ್ತಾಳೆ. ಉರಿಮೂತ್ರಕ್ಕೆ ನೈಟ್ರೋಫ್ಯುರಾಂಟೋಯಿನ್ ಹೆಚ್ಚು ಬರೆಯುವುದು ಹೆಂಗಸರಿಗೇ ಎಂಬುದನ್ನು ಇದರ ಪಕ್ಕ ಇಟ್ಟು ನೋಡಿದರೆ ‘ಹೆಣ್ಣಿಗೆ ಭಯವಿಲ್ಲ’ ಎಂಬ ಧೈರ್ಯ ಕರಗುತ್ತದೆ. ಕೊರತೆ ಸಿಕ್ಕ ಮನೆಯಲ್ಲಿ ತಾಯಿ, ಅಕ್ಕತಂಗಿ, ಸೋದರಮಾವಂದಿರಿಗೂ ಪರೀಕ್ಷೆ ಮಾಡಿಸಬೇಕು.

ಕೂಸಿನ ಕೋಣೆಯಲ್ಲಿ ಅಪಾಯ ಊಟದಿಂದಲೂ ಅಲ್ಲ, ಗುಳಿಗೆಯಿಂದಲೂ ಅಲ್ಲ, ಟ್ರಂಕಿನಿಂದ ಬರುತ್ತದೆ. ಹೆರಿಗೆಗೆಂದು ಕಾದಿಟ್ಟ ಹಳೆಯ ಮೆತ್ತನೆ ಸೀರೆ, ಕುಂಚಿಗೆ, ಕೌದಿಗಳ ನಡುವೆ ಹಾಕಿದ ನುಸಿಗುಳಿಗೆ, ಅಂದರೆ ಡಾಂಬರು ಗುಳಿಗೆ, ಹಲವು ಸಲ ನಾಫ್ತಲೀನ್ ಆಗಿರುತ್ತದೆ. ಅದರ ಆವಿ ಹೀರಿದ ಬಟ್ಟೆಯಲ್ಲಿ ಸುತ್ತಿದ ಕೊರತೆಯ ಕೂಸಿಗೆ ರಕ್ತ ಒಡೆದು ಕಾಮಾಲೆ ಏರಿದ್ದು ಹಲವು ದೇಶಗಳ ವೈದ್ಯಪತ್ರಿಕೆಗಳಲ್ಲಿ ದಾಖಲಾಗಿದೆ. ಗೋರಂಟಿಯೂ ಹಾಗೆಯೇ. ಅದರ ಕೆಂಪಿಗೆ ಕಾರಣವಾದ ಲಾಸೋನ್ ನಾಫ್ತಲೀನಿನ ದಾಯಾದಿ. ಎಳೆಗೂಸಿನ ಮೈಗೆ ಹಚ್ಚಿ ಪ್ರಾಣಕ್ಕೇ ಬಂದ ಪ್ರಸಂಗಗಳಿವೆ. ಹುಟ್ಟಿದ ಮೊದಲ ವಾರದ ಕಾಮಾಲೆ, ಇಲ್ಲಿನವರ ಬಾಯಲ್ಲಿ ಕಾಮಣಿ, ಬಹಳ ಮಕ್ಕಳಿಗೆ ತಾನೇ ಇಳಿಯುತ್ತದೆ. ಈ ಕೊರತೆ ಇರುವ ಕೂಸಿಗೆ ಅದು ದಿಢೀರನೆ ಏರಿ ಮಿದುಳಿಗೆ ತಟ್ಟಿದರೆ ಕಿವುಡು, ಕೈಕಾಲಿನ ಸೆಡೆತ ಬದುಕಿಡೀ ಉಳಿಯುತ್ತವೆ. ಎಳೆಬಿಸಿಲು, ಸೊಪ್ಪಿನ ರಸ, ಹೊಟ್ಟೆಯ ಮೇಲೆ ಚುಟಿಗೆ ಎಂದು ಕಳೆಯುವ ಎರಡು ದಿನವೇ ಆಸ್ಪತ್ರೆಯ ನೀಲಿ ದೀಪದಡಿ ಮಲಗಿಸಬೇಕಾಗಿದ್ದ ಎರಡು ದಿನ. ಸಿಂಗಪುರ 1965ರಿಂದಲೇ ಹುಟ್ಟಿದ ಪ್ರತಿ ಕೂಸಿಗೂ ಈ ಪರೀಕ್ಷೆ ಮಾಡಿ, ಕೊರತೆ ಇದ್ದವರನ್ನು ಕಣ್ಣಿಟ್ಟು ಕಾದು, ಕಾಮಾಲೆಯ ಮಿದುಳು ಹಾನಿಯನ್ನು ಹೆಚ್ಚುಕಡಿಮೆ ಇಲ್ಲವಾಗಿಸಿತು. ಸಾರ್ಡಿನಿಯಾದಲ್ಲಿ 1970ರ ದಶಕದಿಂದ ಪರೀಕ್ಷೆ ಮತ್ತು ತಿಳಿವಳಿಕೆಯಿಂದ ಫಾವಿಸಂ ಕುಸಿಯಿತು. ಪಕ್ಕದ ಕೇರಳ ಸರ್ಕಾರಿ ಆಸ್ಪತ್ರೆಯ ನವಜಾತ ಶಿಶುಗಳ ತಪಾಸಣೆಯಲ್ಲಿ ಜಿ6ಪಿಡಿಯನ್ನು ಸೇರಿಸಿಕೊಂಡಿದೆ. ಈ ನಾಡುಗಳು ಗೆದ್ದದ್ದು ಯಾರಿಗೆ ಕೊರತೆ ಇದೆ ಎಂದು ಮೊದಲೇ ತಿಳಿದುಕೊಂಡು, ಅವರಿಗೆ ಕೆಲವೇ ಮಾತುಗಳನ್ನು ಸರಿಯಾಗಿ ಹೇಳಿ.

ನಮ್ಮ ಮೆಡಿಕಲ್ ಅಂಗಡಿಗಳಲ್ಲಿ ಚೀಟಿಯಿಲ್ಲದೆ ಗುಳಿಗೆ ಕೊಡುತ್ತಾರೆ, ಹೆಸರು ಹೇಳಿದರೆ ಕೇಳುವವರು ಯಾರು ಎಂಬ ಮಾತೂ ಬರಬಹುದು. ನಿಜ. ಇನ್ನೂರು ಹೆಸರು ಹೇಳಿದರೆ ಯಾರೂ ಕೇಳುವುದಿಲ್ಲ, ನಾಲ್ಕು ಹೇಳಿದರೆ ಕೇಳುತ್ತಾರೆ. ತಾಯಿ ಕಾರ್ಡಿನಲ್ಲಿ ರಕ್ತದ ಗುಂಪು ಬರೆಯುವ ಜಾಗದ ಪಕ್ಕದಲ್ಲೇ ಇದಕ್ಕೂ ಒಂದು ಸಾಲು ಸಿಕ್ಕರೆ ಸರ್ಕಾರಕ್ಕೆ ದೊಡ್ಡ ಖರ್ಚೇನೂ ಬಾರದು. ಅಲ್ಲಿಯವರೆಗೆ, ವರದಿ ಕೈಯಲ್ಲಿರುವವರು ಅದರ ಹಿಂಬದಿಯಲ್ಲಿ ಇಷ್ಟು ಬರೆದುಕೊಳ್ಳಿ: ಪ್ರೈಮಾಕ್ವಿನ್, ಡ್ಯಾಪ್ಸೋನ್, ನೈಟ್ರೋಫ್ಯುರಾಂಟೋಯಿನ್, ಫೆನಜೋಪಿರಿಡಿನ್ ವೈದ್ಯರಿಗೆ ತಿಳಿಸದೆ ಬೇಡ; ಆಸ್ಪತ್ರೆಗೆ ಸೇರಿದರೆ ಮಿಥಿಲೀನ್ ಬ್ಲೂ, ರಾಸ್ಬುರಿಕೇಸ್ ಬಗ್ಗೆ ಮೊದಲೇ ಹೇಳಬೇಕು; ಫಾವಾ ಕಾಳು, ನುಸಿಗುಳಿಗೆ, ಕೂಸಿಗೆ ಗೋರಂಟಿ ಬೇಡ. ಬಳ್ಳಾರಿಯ ಬೇಸಿಗೆಯಲ್ಲಿ ಎಲ್ಲರ ಮೂತ್ರವೂ ಕಡುಹಳದಿಯೇ, ಎರಡು ಚೊಂಬು ನೀರು ಕುಡಿದರೆ ತಿಳಿಯಾಗುತ್ತದೆ. ನೀರು ಕುಡಿದರೂ ತಿಳಿಯಾಗದ, ಹಾಲಿಲ್ಲದ ಚಹಾದ ಬಣ್ಣ ಕಂಡು, ಜತೆಗೆ ಕಣ್ಣು ಹಳದಿ, ತುಟಿ ಬಿಳುಪು, ಉಸಿರು ಏರಿದ್ದರೆ ನುಂಗುತ್ತಿದ್ದ ಗುಳಿಗೆಯ ಪಟ್ಟಿಯನ್ನು ಕೈಯಲ್ಲಿ ಹಿಡಿದು ಅದೇ ದಿನ ಆಸ್ಪತ್ರೆಗೆ ಹೋಗಿ. ಅವರೆಕಾಯಿ ಬೇಡವೆಂದು ಮಾತ್ರ ಬರೆದುಕೊಳ್ಳಬೇಡಿ.